ಗಲಗಲಿ ಮಾಸ್ತರರ ತೆಕ್ಕೆಗೆ ಬಿದ್ದ ಚೆಂಡು

ಎರಡನೆಯ ಮಹಾಯುದ್ಧವನ್ನು ನಿಲ್ಲಿಸಿದವನು ನಾನು. ನಾನು ಒಂದು ಫುಟ್‌ಬಾಲ್. ನಗಬೇಡಿ. ಬೆಳಗಾವಿ ದಂಡಿನ ಅರ್ಧ ಸಿಪಾಯಿಗಳು ನನ್ನ ಹಿಂದೆ ಓಡುತ್ತಿದ್ದರು, ಉಳಿದರ್ಧ ಗೆರೆಯಾಚೆ ನಿಂತು ಕೂಗುತ್ತಿದ್ದರು. ಇನ್ನು ಬಂದೂಕು ಹಿಡಿಯುವವರು ಯಾರು, ನೀವೇ ಹೇಳಿ.

ನಾನು ಹುಟ್ಟಿದ್ದು ಸಿಯಾಲಕೋಟದಲ್ಲಿ. ನನಗೆ ತೊಗಲು ಕೊಟ್ಟ ಎಮ್ಮೆ ಪಂಜಾಬಿನ ಐದೂ ನದಿಗಳನ್ನು ಒಂದೇ ಗುಟುಕಿಗೆ ಕುಡಿಯುತ್ತಿತ್ತಂತೆ. ಹೊಲಿದ ಮುದುಕ ನನ್ನನ್ನು ಬೆಳಕಿಗೆ ಹಿಡಿದು, ಇಂಥ ಗುಂಡಗಿನ ಮೈ ಚಂದ್ರನಿಗೂ ಇಲ್ಲ ಎಂದ. ಎಂದನೆಂದೇ ನನ್ನ ನೆನಪು. ಅಲ್ಲಿಂದ ರೈಲು ಹತ್ತಿ ಪುಣೆಗೆ ಬಂದೆ, ಅಂಗಡಿಯ ಗಾಜಿನ ಕಪಾಟಿನಲ್ಲಿ ಒಂದು ಮಳೆಗಾಲ ಮೆರೆದೆ, ಕೊನೆಗೆ ಧಾರವಾಡದ ಒಂದು ಕಾಲೇಜಿನ ಜಿಮಖಾನಾ ಸೇರಿದೆ.

ಅಲ್ಲಿ ನನ್ನ ಒಡೆಯ ಚನ್ನವೀರ ಮುದಕವಿ, ಟೀಮಿನ ಕ್ಯಾಪ್ಟನ್. ನೆಲದಿಂದ ನೋಡುವ ನನಗೆ ಮನುಷ್ಯರೆಂದರೆ ಮೊಣಕಾಲಿನವರೆಗೆ ಮಾತ್ರ. ಚನ್ನವೀರನದು ಬರಿಗಾಲು, ಹೆಬ್ಬೆರಳು ಗುದ್ದಲಿಯಂಥದು. ಅವನು ಒದ್ದರೆ ನಾನು ಹುಬ್ಬಳ್ಳಿಯವರೆಗೆ ಹೋಗಿ, ಮಿರ್ಚಿ ತಿಂದು, ಹಾಫ್‌ಟೈಮಿನೊಳಗೆ ಮರಳಿ ಬರುತ್ತಿದ್ದೆ.

ಆ ವರ್ಷ ಊರ ತುಂಬ ಚಲೇಜಾವ್ ಗದ್ದಲ. ನಮ್ಮ ಗೋಲ್‌ಕೀಪರನೂ ಇನ್ನು ನಾಲ್ವರೂ ಘೋಷಣೆ ಕೂಗಿ ಹಿಂಡಲಗಿ ಜೈಲು ಸೇರಿದರು. ಪೊಲೀಸ್ ಗಾಡಿಯೊಳಗಿಂದ ಗೋಲ್‌ಕೀಪರ ಚನ್ನವೀರನಿಗೆ ಹೇಳಿದ್ದು ಒಂದೇ ಮಾತು: "ನಾವು ಹೊರಗ ಬರೂತನಾ ಟೀಮ್ ಇರಬೇಕು ನೋಡಪಾ."

ಅದೇನು ಸುಲಭವಿರಲಿಲ್ಲ. ಹನ್ನೊಂದು ಜನ ಕೂಡದ ತಂಡವನ್ನೂ, ಎಲ್ಲರಿಗಿಂತ ತಳಕ್ಕೆ ಬಿದ್ದ ತಂಡವನ್ನೂ ನಾವಾಡುತ್ತಿದ್ದ ಲೀಗಿನಿಂದ ತೆಗೆದುಹಾಕುತ್ತಿದ್ದರು. ಯುದ್ಧ ಮುಗಿಯುವ ತನಕ ಮತ್ತೆ ಸೇರಿಸಿಕೊಳ್ಳುವ ಮಾತಿಲ್ಲ.

ಚನ್ನವೀರ ಹಾಸ್ಟೆಲ್ಲನ್ನೆಲ್ಲ ಜಾಲಾಡಿ ತಾನೂ ಸೇರಿ ಹತ್ತು ಜನರನ್ನು ಕೂಡಿಸಿದ. ಕಲಿಸುವವರೂ ಆಡಬಹುದೆಂದು ಆ ವರ್ಷ ಸಡಿಲಿಕೆ ಇತ್ತು. ಹಾಗಾಗಿ ಹನ್ನೊಂದನೆಯವರು ಸಂಸ್ಕೃತದ ಗಲಗಲಿ ಮಾಸ್ತರು. ಆರಡಿ ಎತ್ತರ, ಗೋಲಿನಲ್ಲಿ ನಿಂತರೆ ಮೂರನೆಯ ಕಂಬ ನೆಟ್ಟಂತೆ. ತೊಡಕು ಇಷ್ಟೇ, ಅವರು ತೊಗಲು ಮುಟ್ಟುತ್ತಿರಲಿಲ್ಲ.

"ಸರ, ಕೃಷ್ಣಾಜಿನದ ಮ್ಯಾಲೆ ಕುಂತು ಜಪಾ ಮಾಡ್ತೀರಿ. ಅದೂ ತೊಗಲಽರಿ," ಎಂದ ಚನ್ನವೀರ.

"ಅದು ಜಿಂಕಿ. ತನ್ನ ಪಾಡಿಗೆ ತಾ ಸುಮ್ನ ಬಿದ್ದಿರ್ತದ. ಇದು ಮಂದಿ ಕಡೆಯಿಂದ ಒದಿಸಿಕೊಂಡು ತಿರಗೋ ಎಮ್ಮಿ."

ನನ್ನನ್ನು ಹಾಗೆ ಅಂದು ದಕ್ಕಿಸಿಕೊಂಡವರು ಈ ಭೂಮಂಡಲದಲ್ಲಿ ಅವರೊಬ್ಬರೇ.

ಕೊನೆಗೊಂದು ದಾರಿ ಸಿಕ್ಕಿತು. ರೇಷ್ಮೆಗೆ ಮೈಲಿಗೆಯಿಲ್ಲ. ಮಡಿಗೆ ಉಡುವ ಹಳೆಯ ರೇಷ್ಮೆ ಧೋತರವನ್ನು ಹರಿದು, ಎರಡೂ ಕೈಗೆ ಸುತ್ತಿಕೊಂಡು, ಕಚ್ಚೆ ಬಿಗಿದು ಮಾಸ್ತರರು ಗೋಲಿಗೆ ನಿಂತರು. ರೇಷ್ಮೆಯ ನುಣುಪು ಯಾರ ಲಕ್ಷ್ಯಕ್ಕೂ ಬಂದಿರಲಿಲ್ಲ. ನಾನು ಅವರ ಕೈಯಿಂದ ಬೆಣ್ಣೆಮುದ್ದೆಯಂತೆ ಜಾರಿ ಬಲೆ ಸೇರಿದೆ. ಮೊದಲ ಪಂದ್ಯದಲ್ಲೇ ಏಳು ಗೋಲು. ನನ್ನನ್ನು ಕೇಳಿದರೆ ಎಪ್ಪತ್ತು. ಪ್ರತಿ ಸಲವೂ ಮಾಸ್ತರರು ತಪ್ಪು ಸಂಧಿ ಬಿಡಿಸಿದ ಹುಡುಗನನ್ನು ನೋಡುವಂತೆ ನನ್ನನ್ನು ನೋಡಿ ತಲೆಯಾಡಿಸುತ್ತಿದ್ದರು. ಗೋಲಿನ ಹಿಂದಿದ್ದ ಹಾಸ್ಟೆಲ್ ಹುಡುಗರಲ್ಲಿ ಒಬ್ಬ, "ಮಾಸ್ತರ, ಒಳಗ ಕಳಸೂ ಮುಂದ ಅದಕೊಂದು ಶಾಲು ಹೊಚ್ಚಿ ಕಳಸ್ರಿ," ಎಂದ.

ಅಂದಿನಿಂದ ಚನ್ನವೀರ ನನ್ನನ್ನು ಮೈದಾನದ ನಮ್ಮ ಅರ್ಧದೊಳಗೆ ಬರಗೊಡಲೇ ಇಲ್ಲ. ಹತ್ತೂ ಹುಡುಗರು ಎದುರಾಳಿಗಳ ಅಂಗಳದಲ್ಲೇ ಬಿಡಾರ ಹೂಡಿದರು. ಅಷ್ಟರಲ್ಲಿ ನನ್ನ ಒಳಗಿನ ಬ್ಲ್ಯಾಡರ್ ತೂತಾಯಿತು. ರಬ್ಬರೆಲ್ಲ ದಂಡಿನ ಲಾರಿಗಳಿಗೆ ಹೋಗಿತ್ತು, ಹೊಸದು ಎಲ್ಲಿಯೂ ಇಲ್ಲ. ಸೈಕಲ್ ಟ್ಯೂಬಿನ ತೇಪೆ ಹಾಕಿ ಊದಿದಾಗ ನಾನು ಒಂದು ಮಗ್ಗುಲಿಗೆ ಉಬ್ಬಿದೆ, ಗಾಳಿಯಲ್ಲಿ ಓಲಾಡತೊಡಗಿದೆ. ನನ್ನನ್ನು ನೋಡುತ್ತ ನೋಡುತ್ತ ಎದುರಾಳಿಗಳು ತಲೆತಿರುಗಿ ಸಾಲಾಗಿ ಬಿದ್ದರು. ಕೆಲವು ಪಂದ್ಯ ಗೆದ್ದೆವು, ಕೆಲವು ಸೋತೆವು, ಹಾಸ್ಟೆಲ್ಲಿನಲ್ಲಿ ಎಲ್ಲಕ್ಕೂ ಒಂದೇ ಸಮ ಕುಣಿದೆವು.

ಕೊನೆಯ ಪಂದ್ಯ ಬೆಳಗಾವಿಯಲ್ಲಿ, ದಂಡಿನ ತಂಡದ ಮೇಲೆ. ಸಮ ಮಾಡಿಕೊಂಡರೆ ಲೀಗಿನಲ್ಲಿ ಉಳಿಯುತ್ತೇವೆ, ಸೋತರೆ ಹೋಯಿತು. ಎರಡು ಎರಡು ಗೋಲಾಗಿ ಆಟ ಮುಗಿಯುತ್ತ ಬಂದಾಗ, ಕೆಂಪು ಮೀಸೆಯ ಒಬ್ಬ ಸಾರ್ಜಂಟ ಎಲ್ಲರನ್ನೂ ದಾಟಿ ಒಂಟಿಯಾಗಿ ನುಗ್ಗಿ ಬಂದು ಬೂಟುಗಾಲಿನಿಂದ ನನ್ನನ್ನು ಬಾರಿಸಿದ.

ಆಗ ನಾನೇನು ಮಾಡಿದೆ ಗೊತ್ತೇ? ಆಕಾಶದಲ್ಲಿ ಗಕ್ಕನೆ ನಿಂತೆ. ಜೈಲಿನ ಹುಡುಗರನ್ನು ನೆನೆದು ಕಣ್ಣೀರು ಹಾಕಿದೆ. ಮೂರು ಸುತ್ತು ಸುತ್ತಿ, ಹಾವಿನಂತೆ ಬಳುಕಿ, ನಾನಾಗಿಯೇ ಮಾಸ್ತರರ ತೆಕ್ಕೆಗೆ ಹಾರಿದೆ. ಟೀಮು ಉಳಿಯಿತು.

ಈಗ ಜಿಮಖಾನಾದ ಕಪಾಟಿನ ಕೆಳಖಾನೆಯಲ್ಲಿದ್ದೇನೆ. ಮೈಯಲ್ಲಿ ಗಾಳಿಯಿಲ್ಲ, ತೊಗಲು ಬಿರಿದಿದೆ. ಮುರಿದ ಹಾಕಿ ಸ್ಟಿಕ್ಕುಗಳಿಗೆ, ಪುಕ್ಕ ಉದುರಿದ ಶಟಲ್‌ಕಾಕುಗಳಿಗೆ ಈ ಕಥೆಯನ್ನು ಹೇಳುತ್ತ ಸುಖವಾಗಿದ್ದೆ. ನಿಮಗೆ ಹೇಳುತ್ತಿರುವಾಗ ಪಕ್ಕದಲ್ಲಿದ್ದ ಹಿತ್ತಾಳೆಯ ಪಂಪು ಕೆಮ್ಮಿತು. ಆ ದಿನ ಹಾಫ್‌ಟೈಮಿನಲ್ಲಿ ನನಗೆ ಗಾಳಿ ಹಾಕಿದ್ದು ಅದೇ.

"ಲೇ, ನಿನ್ನೊಳಗ ಎಷ್ಟು ಗಾಳಿ ಇತ್ತು ಅನ್ನೂದು ನನಗ ಗೊತ್ತೈತಿ. ಗೆರಿ ಮ್ಯಾಲೆ ಕುಂತು ಕಣ್ಣಾರೆ ನೋಡೇನಿ. ಖರೇ ಹೇಳು."

ಸಿಕ್ಕಿಬಿದ್ದೆ. ಹೇಳುತ್ತೇನೆ.

ನಾನು ಬಳುಕಲಿಲ್ಲ. ಚೆಂಡಿಗೆ ಬಲೆಯೆಂದರೆ ತವರುಮನೆ. ಹಿಗ್ಗಿನಿಂದ ನೆಟ್ಟಗೆ ಅಲ್ಲಿಗೇ ಹೊರಟಿದ್ದೆ. ಜೈಲಿನ ಹುಡುಗರ ನೆನಪು ನನಗೆ ಬರಲೇ ಇಲ್ಲ. ಬಂದದ್ದು ಮಾಸ್ತರರಿಗೆ. ಸಾರ್ಜಂಟ ನುಗ್ಗಿ ಬರುವುದನ್ನು ಕಂಡೊಡನೆ ಅವರು ಕೈಗಳ ರೇಷ್ಮೆಯನ್ನು ಹಲ್ಲಿನಿಂದ ಕಿತ್ತು ಒಗೆದರು. ಅಡ್ಡಹಾಯ್ದು ಬಿದ್ದು, ಬರಿಗೈಯಿಂದ ನನ್ನನ್ನು ಹಿಡಿದು, ಧೂಳಿನ ಸಮೇತ ಎದೆಗೊತ್ತಿಕೊಂಡರು.

ಚನ್ನವೀರ ಓಡಿ ಬಂದ. "ಸರ, ನೀರ ತರಸ್ಲೇನ್ರಿ? ಜಳಕಾ..."

"ಆಟ ಇನ್ನೂ ಅದನೋ," ಎಂದರು ಮಾಸ್ತರರು. ರೆಫರಿ ಬಂದು ಕೇಳುವ ತನಕ ನನ್ನನ್ನು ಬಿಡಲಿಲ್ಲ.

ಮರುವರ್ಷ ಹಿಂಡಲಗಿಯಿಂದ ಹುಡುಗರು ಬಂದಾಗ ಟೀಮು ಇತ್ತು. ಉಳಿಸಿದವರು ಗಲಗಲಿ ಮಾಸ್ತರರು. ನಾನು ಒದಿಸಿಕೊಂಡೆ, ಅಷ್ಟೇ.