ಬೂಟುಗಳ ಟ್ರಂಕಿನಲ್ಲಿ

"ಬೂಟು ಬಿಚ್ಚಿ, ಬೇಗ ಬೇಗ," ಎಂದು ಸಹಾಯಕ ನಿರ್ದೇಶಕ ಕೂಗುತ್ತಿದ್ದ. ಹೆಂಗಸರು ಒಬ್ಬೊಬ್ಬರೇ ರಬ್ಬರ್ ಬೂಟು ಕಳಚಿ ಟ್ರಂಕಿಗೆ ಹಾಕಿದರು. ಅವುಗಳ ಮೇಲೆ ನನ್ನನ್ನೂ ಮಲಗಿಸಿದರು.

ನಾನು ಒಂದು ಕ್ಲ್ಯಾಪ್ ಬೋರ್ಡು. ಸಿನಿಮಾ ಸ್ಟುಡಿಯೋಗಳಿರುವ ಕೋಡಂಬಾಕ್ಕಂನ ಬಡಗಿಯೊಬ್ಬ ಸೆಟ್ಟಿನ ಮುರುಕು ಬಾಗಿಲಿನಿಂದ ನನ್ನನ್ನು ಮಾಡಿದ. ನಾನು ಬಾಯಿ ಬಡಿದ ಕೂಡಲೇ ಜನ ಅಳುತ್ತಾರೆ, 'ಕಟ್' ಎಂದರೆ ನಿಲ್ಲಿಸುತ್ತಾರೆ. ಹಾಗಾಗಿ ಯಾರ ಕಣ್ಣೀರನ್ನೂ ನಾನು ಸುಲಭಕ್ಕೆ ನಂಬುವುದಿಲ್ಲ.

ಅಂದು ತೂತ್ತುಕುಡಿಯ ಉಪ್ಪಾಗರದಲ್ಲಿ ನಿರ್ದೇಶಕ ಮಾಸಿಲಾಮಣಿ ತನ್ನ ಮೊದಲ ಚಿತ್ರದ ಕೊನೆಯ ದೃಶ್ಯ ತೆಗೆದಿದ್ದ. ಕಥೆಯಲ್ಲಿ, ಬರಿಗಾಲಲ್ಲಿ ಉಪ್ಪು ಎಳೆಯುವ ಹೆಂಗಸರು ಮುಷ್ಕರ ಹೂಡಿ ಬೂಟು ಪಡೆಯುತ್ತಾರೆ. ನಟಿಸಿದವರು ಅಲ್ಲಿಯ ಕೆಲಸಗಾರರೇ. ಪೇಚಿಯಮ್ಮಾಳ್ ಎಂಬವಳ ಒಡೆದ ಹಿಮ್ಮಡಿಯನ್ನು ಕ್ಯಾಮೆರಾ ಹತ್ತಿರದಿಂದ ಹಿಡಿಯುವಾಗ ಮಾಸಿಲಾಮಣಿ ತೋಳಿನಿಂದ ಕಣ್ಣೊರೆಸಿಕೊಂಡ. ಆ ನೀರು ನಿಜದ್ದೇ. ಅತ್ತಷ್ಟಕ್ಕೇ ಇವನು ನಿಲ್ಲಿಸಿಬಿಡುತ್ತಾನೇನೋ ಎಂಬ ನನ್ನ ಅನುಮಾನ ಹೆಚ್ಚಿದ್ದೇ ಅದರಿಂದ.

"ಬೂಟು ನಾವೇ ಇಟ್ಕೋಬಹುದಾ, ತಂಬಿ?" ಎಂದು ಪೇಚಿಯಮ್ಮಾಳ್ ಬೂಟು ಬಿಚ್ಚುತ್ತಾ ಅವನನ್ನು ಕೇಳಿದಳು.

"ಇವು ಕಂಪನಿ ಸಾಮಾನು, ಅಕ್ಕಾ. ಪಿಚ್ಚರ್ ಓಡ್ಲಿ, ಎಲ್ರಿಗೂ ಹೊಸಾದೇ ತಂದ್ಕೊಡ್ತೀನಿ."

"ಪಿಚ್ಚರಲ್ಲಿ ಎರಡೇ ದಿನಕ್ಕೆ ಸಿಕ್ಬಿಡ್ತು ನೋಡು," ಎಂದು ಅವಳು ಪಕ್ಕದವಳ ಕಡೆ ತಿರುಗಿ ನಕ್ಕಳು.

ಚಿತ್ರ ಓಡಿತು, ಪ್ರಶಸ್ತಿ ಬಂತು. ಮುಂದಿನ ಚಿತ್ರ ಚರಂಡಿ ಕೆಲಸದವರದು. ಅದೇ ಬೂಟುಗಳಿಗೆ ಕೆಸರು ಬಳಿದರು. ಆಮೇಲೆ ಕಲ್ಲುಕ್ವಾರಿಯವರದು, ಅವಕ್ಕೇ ಧೂಳು ಹಾಕಿದರು. ಪ್ರತಿ ಸಲವೂ ಅವು ತೊಳೆಸಿಕೊಂಡು ನನ್ನ ಕೆಳಗೆ ಮರಳಿದವು. ವೇದಿಕೆಗಳಲ್ಲಿ ಮಾಸಿಲಾಮಣಿಯನ್ನು ದುಡಿಯುವವರ ದನಿ ಎಂದು ಕರೆದರು. ತೂತ್ತುಕುಡಿಯಲ್ಲಿ ಕೊಟ್ಟ ಮಾತನ್ನು ಮರೆತನೋ, ಮರೆತವನಂತೆ ಇದ್ದನೋ, ತಿಳಿಯದು.

ಇಪ್ಪತ್ತೆರಡು ವರ್ಷ ಕಳೆಯಿತು. ನನ್ನ ಕೀಲು ಸಡಿಲಾಯಿತು. ಅವನ ಮೂರು ಚಿತ್ರ ಸಾಲಾಗಿ ಸೋತವು. ಉಪ್ಪಾಗರದ ಕಥೆಯ ಎರಡನೇ ಭಾಗವಾದರೆ ಮಾತ್ರ ಮಾಡೋಣ, ಪೇಚಿಯಮ್ಮಾಳ್ ಜೊತೆಗಿರಬೇಕು ಎಂದ ನಿರ್ಮಾಪಕ. ಮುಹೂರ್ತದ ಮೊದಲ ಕ್ಲ್ಯಾಪನ್ನು ಗಣ್ಯರೊಬ್ಬರು ಹೊಡೆಯುವುದು ವಾಡಿಕೆ. ಹಾಗಾಗಿ ನನಗೆ ಕುಂಕುಮವಿಟ್ಟು, ಅವಳನ್ನು ಕರೆತಂದು, ನನ್ನನ್ನು ಅವಳ ಮುಂದೆ ಹಿಡಿದರು.

"ನೀವು ಹೊಡೆದ್ರೇನೇ ಶುರು, ಅಕ್ಕಾ," ಎಂದ ಮಾಸಿಲಾಮಣಿ.

ಅವಳು ನನ್ನನ್ನು ನೋಡಲಿಲ್ಲ, ತೆರೆದ ಟ್ರಂಕನ್ನು ನೋಡಿದಳು. "ಆ ಬೂಟು ಇನ್ನೂ ಇವೆಯಾ?"

ಅವನ ಮುಖ ಅರಳಿತು. ಒಂದು ಜೊತೆ ಎತ್ತಿ, ಹೆಗಲ ಶಾಲಿನಿಂದ ಒರೆಸಿ, ಫೋಟೋದವರಿಗೆ ಸನ್ನೆ ಮಾಡಿ, ಅವಳ ಕಾಲ ಬಳಿ ಮಂಡಿಯೂರಿದ. ಅವಳ ಪಾದ ಉಪ್ಪು ತಿಂದು ಬೆಳ್ಳಗೆ ಮರಗಟ್ಟಿತ್ತು. ಅವನು ಬೂಟಿನ ಬಾಯಿ ಅಗಲಿಸಿ ಹಿಡಿದ.

ಪೇಚಿಯಮ್ಮಾಳ್ ಕಾಲು ಹಿಂದಕ್ಕೆ ಎಳೆದುಕೊಂಡಳು. "ಬೇಡ."

"ಒಂದೇ ಒಂದು ಫೋಟೋ, ಅಕ್ಕಾ."

"ಹಾಕ್ಕೊಳ್ಳಲ್ಲ," ಎಂದಳು ಅವಳು. ನನ್ನತ್ತ ಬೆರಳು ತೋರಿಸಿದಳು. "ಅದನ್ನೂ ಹೊಡೆಯಲ್ಲ."