ಗೌಸಸಾಬ ಕಮೋಡಿನ ಮೈಲೇಜು ಹೆಚ್ಚಿಸಿದ್ದು

ಇಮಾಮಬೀ ನೀರು ಕುಡಿಯುವುದನ್ನು ಬಿಟ್ಟಿದ್ದಳು. ಪೂರ್ತಿ ಅಲ್ಲ, ಬೆಳಿಗ್ಗೆ ಗುಳಿಗೆಯ ಜೊತೆ ಒಂದು ಲೋಟ, ಮಧ್ಯಾಹ್ನ ಊಟದ ಜೊತೆ ಒಂದು ಲೋಟ, ಅಷ್ಟೇ. ಎರಡೂ ಮೊಣಕಾಲು ಕೈಕೊಟ್ಟಿದ್ದವು. ಪಾಯಖಾನೆಯಲ್ಲಿ ಕುಕ್ಕರುಗಾಲಲ್ಲಿ ಕೂರುವುದು ಹೇಗೋ ಆದೀತು. ಏಳಬೇಕಾದರೆ ನಳ ಹಿಡಿದು, ಗೋಡೆ ಹಿಡಿದು, ಅಲ್ಲಾನನ್ನು ನೆನೆದು ಏಳಬೇಕು. ನೀರು ಕುಡಿದರೆ ತಾನೇ ಈ ಕಷ್ಟ? ಮೂತ್ರಪಿಂಡದಲ್ಲಿ ಹರಳು ಕಂಡ ಡಾಕ್ಟರು ಗದರಿದರು.

"ದಿನಕ್ಕ ಮೂರು ಲೀಟರ್ ಕುಡೀಬೇಕು ಅಮ್ಮಾ. ಮೊದ್ಲ ಮನ್ಯಾಗ ಕಮೋಡು ಹಾಕಸ್ರಿ. ಹಿಂಗ ಬಿಟ್ರ ಕಿಡ್ನಿ ಹೋಗ್ತದ."

ಗಂಡ ಗೌಸಸಾಬ ಒಪ್ಪಿದ. ಒಂದೇ ಷರತ್ತು: ನೀರು ಉಳಿಸುವಂಥದ್ದೇ ಆಗಬೇಕು. ಅದರಲ್ಲಿ ತಪ್ಪೇನೂ ಇರಲಿಲ್ಲ. ಖಾಸಬಾಗದ ಅವರ ಓಣಿಗೆ ನಳದ ನೀರು ಬರುವುದು ಎಂಟು ದಿನಕ್ಕೊಮ್ಮೆ. ತಪ್ಪಿದ್ದದ್ದು ಗೌಸಸಾಬನಲ್ಲೇ. ಆಟೋ ನಗರದಲ್ಲಿ ಮೂವತ್ತೈದು ವರ್ಷ ಮೋಟಾರ್ ಸೈಕಲ್ ರಿಪೇರಿ ಮಾಡಿದ ಮನುಷ್ಯ. ಶೋರೂಮಿನಿಂದ ನಿನ್ನೆ ಬಂದ ಗಾಡಿಯನ್ನೂ ಬಿಚ್ಚಿ, ಸ್ಕ್ರೂ ತಿರುವಿ, ಮೈಲೇಜು ಹೆಚ್ಚಿಸದೆ ಅವನಿಗೆ ಊಟ ಸೇರುತ್ತಿರಲಿಲ್ಲ. ಮೂರು ಅಂಗಡಿ ಹೊಕ್ಕ. ಮೂರರಲ್ಲೂ ಒಂದೇ ಪ್ರಶ್ನೆ: "ಇದು ಆವರೇಜ್ ಎಷ್ಟ ಕೊಡ್ತದ್ರಿ?" ಅಂಗಡಿಯವರು ಮುಖ ಮುಖ ನೋಡಿಕೊಂಡರು. ಇಮಾಮಬೀ ಸೆರಗು ಬಾಯಿಗಿಟ್ಟುಕೊಂಡು ಹೊರಗೆ ನಿಂತಳು.

ಕೊನೆಗೆ ಎರಡು ಗುಂಡಿಯ ಕಮೋಡು ಬಂತು. ಸಣ್ಣ ಗುಂಡಿ ಒತ್ತಿದರೆ ಮೂರು ಲೀಟರು, ದೊಡ್ಡದು ಒತ್ತಿದರೆ ಆರು. ಪ್ಲಂಬರ್ ಕಲ್ಲಯ್ಯ ಎರಡು ದಿನದಲ್ಲಿ ಕೂಡಿಸಿದ. ಹೋಗುವಾಗ, ಗೌಸಸಾಬನ ಬೆರಳು ತುರಿಸುವುದನ್ನು ಕಂಡವನಂತೆ, ಎಚ್ಚರಿಕೆಯನ್ನೂ ಕೊಟ್ಟ.

"ಚಾಚಾ, ಕಂಪನಿಯವ್ರು ನೀರಿನ ಅಳತಿ ಬರೋಬ್ಬರಿ ಇಟ್ಟಾರ. ಮುಚ್ಚಳ ತೆಗೀಬ್ಯಾಡ್ರಿ."

ಹತ್ತು ದಿನ ಇಮಾಮಬೀ ರಾಣಿಯ ಹಾಗಿದ್ದಳು. ಬಾಯಾರಿದಾಗ ಕುಡಿದಳು, ಬೇಕಾದಾಗ ಹೋದಳು. ಇಷ್ಟು ಸಣ್ಣ ಸುಖಕ್ಕೆ ಇಷ್ಟು ವರ್ಷ ಕಾದೆನಲ್ಲ ಎಂದು ತನ್ನ ಮೇಲೇ ಸಿಟ್ಟು ಬಂತು.

ಹನ್ನೊಂದನೆಯ ದಿನ ಗೌಸಸಾಬ ಸ್ಕ್ರೂಡ್ರೈವರ್ ಹಿಡಿದು ಒಳಗೆ ಹೋದ. ಆ ಮನೆಯ ಮಾತು ಉರ್ದು. ಜಗಳಕ್ಕೆ ಮಾತ್ರ ಇಬ್ಬರಿಗೂ ಕನ್ನಡವೇ ಬೇಕು.

"ಏನ್ ಮಾಡಾಕತ್ತೀರಿ?"

"ಸ್ವಲ್ಪ ಟ್ಯೂನಿಂಗ್. ಆರು ಲೀಟರ್ ಯಾಕ ಬೇಕ ಇದಕ್ಕ? ನಾಕರಾಗ ಓಡಸ್ತೀನಿ ನೋಡು."

"ಅದನ್ನ ಹಂಗ ಬಿಡ್ರಿ, ನಿಮ್ಮ ಕಾಲಿಗೆ ಬೀಳ್ತೀನಿ. ಅದು ಕೆಟ್ರ ನನಗ ಬಕೆಟ್ ಎತ್ತಾಕ ಆಗೂದಿಲ್ಲ."

"ಹ್ಞೂಂ, ಹ್ಞೂಂ" ಎಂದ ಗೌಸಸಾಬ, ಫ್ಲಶ್ ಟ್ಯಾಂಕಿನೊಳಗೆ ತಲೆ ತೂರಿಸಿಕೊಂಡು.

ಫ್ಲೋಟು ಕೆಳಗಿಳಿಯಿತು. ನೀರು ಕಡಿಮೆ ಹಿಡಿಯಲೆಂದು ಮರಳು ತುಂಬಿದ ಎರಡು ಬಾಟಲಿ ಟ್ಯಾಂಕಿನೊಳಗೆ ಕೂತವು. ಗುಂಡಿ ಒತ್ತಿದರೆ ನೀರು ಕೆಮ್ಮಿದಂತೆ ಬಂದು ನಿಂತಿತು, ಹೋಗಬೇಕಾದದ್ದು ಹೋಗಲಿಲ್ಲ. "ಮ್ಯಾಲ ಅರ್ಧ ಬಕೆಟ್ ಹಾಕಿದ್ರ ಆತಲ್ಲ" ಎಂದ. ಉಳಿಸಿದ್ದು ಎರಡು ಲೀಟರು, ಸುರಿದದ್ದು ಎಂಟು. ಊರಿಗೆಲ್ಲ ಒಂದು ದಾರಿಯಾದರೆ ಎಡವಟ್ಟನಿಗೇ ಒಂದು ದಾರಿ! ಇನ್ನು ಅರ್ಧ ಬಕೆಟ್ಟನ್ನು ಇಮಾಮಬೀ ಎತ್ತುವ ಮಾತೆಲ್ಲಿ? ಪ್ರತಿ ಸಲ ಬಾಗಿಲು ಸರಿಸಿ "ಮರಿಯಮಾ..." ಎಂದು ಸೊಸೆಯನ್ನು ಕೂಗಬೇಕು. ಮರಿಯಮ ಒಳ್ಳೆಯವಳು, ಮುಖ ಸಿಂಡರಿಸುತ್ತಿರಲಿಲ್ಲ. ಇಮಾಮಬೀಗೆ ಅದರಿಂದಲೇ ಇನ್ನಷ್ಟು ನಾಚಿಕೆ. ತನ್ನ ಹೊಲಸಿನ ಮೇಲೆ ಸೊಸೆಯ ಕೈಯಿಂದ ನೀರು ಹಾಕಿಸುವ ಬಾಳೂ ಒಂದು ಬಾಳೇ?

ಕಲ್ಲಯ್ಯ ಮೂರು ಸಲ ಬಂದು ಸರಿಮಾಡಿ ಹೋದ. ಮೂರು ಸಲವೂ ಸಂಜೆಯೊಳಗೆ ಗೌಸಸಾಬ ಮತ್ತೆ ತಿರುವಿದ. ಮಾಳಿಗೆ ಮೇಲಿನ ನೀರಿನ ಟ್ಯಾಂಕು ಆರನೆಯ ದಿನಕ್ಕೇ ಬರಿದಾಗತೊಡಗಿತು. ಬೈಗುಳ ಮಾತ್ರ ಹೆಂಗಸರಿಗೆ: "ಬಕೆಟ್ ಬಕೆಟ್ ಸುರೂತೀರಿ, ಇನ್ನೇನಾಗ್ತದ?" ಇಮಾಮಬೀಗೆ ಸಾಕುಸಾಕಾಯಿತು. ಮತ್ತೆ ಎರಡು ಲೋಟಕ್ಕೆ ಇಳಿದಳು. ಸೊಂಟದ ಪಕ್ಕದ ನೋವೂ ಮರಳಿ ಬಂತು.

ಒಂದು ದಿನ ಚೀಲ ತುಂಬಿಕೊಂಡು ಖಾನಾಪುರದ ಮಗಳು ಖುಶ್ನುಮಾಳ ಮನೆಗೆ ಹೊರಟೇಬಿಟ್ಟಳು. ಅಲ್ಲಿಯೂ ಎರಡು ಗುಂಡಿಯ ಕಮೋಡೇ, ಆದರೆ ಅದನ್ನು ಬಿಚ್ಚುವ ಜಾಣರು ಆ ಮನೆಯಲ್ಲಿರಲಿಲ್ಲ. ಗುಂಡಿ ಒತ್ತಿದರೆ ಸಾಕು, ಎಲ್ಲ ಸ್ವಚ್ಛ. ಬಂದ ದಿನವೇ ಏಳೆಂಟು ಲೋಟ ನೀರು ಕುಡಿದಳು.

ಮೂರನೆಯ ದಿನ ಗೌಸಸಾಬ ಕರೆಯಲು ಬಂದ. ಬಂದವನು ಕೈಕಾಲು ತೊಳೆಯಲು ಬಚ್ಚಲಿಗೆ ಹೋಗಿ ಅಲ್ಲಿಂದಲೇ ಕೂಗಿದ: "ಖುಶ್ನುಮಾ, ನಿಮ್ಮ ಕಮೋಡೂ ನೀರು ಭಾಳ ಕುಡೀತದಲ್ಲವಾ. ಒಂದು ಸ್ಕ್ರೂಡ್ರೈವರ್ ಕೊಡು."

"ಅದಕ್ಕ ಕೈ ಹಚ್ಚಬ್ಯಾಡ್ರಿ!"

ಇಮಾಮಬೀ ಹಾಗೆ ಚೀರಿದ್ದನ್ನು ಮಗಳು ಎಂದೂ ಕೇಳಿರಲಿಲ್ಲ. ಗೌಸಸಾಬ ಒದ್ದೆ ಕೈಯಲ್ಲೇ ಹೊರಗೆ ಬಂದ.

"ಡಾಕ್ಟ್ರು ಮೂರು ಲೀಟರ್ ಕುಡಿ ಅಂದ್ರು. ನಿಮ್ಮ ಮನ್ಯಾಗ ನಾ ದಿನಕ್ಕ ಎರಡು ಲೋಟ ಕುಡೀತೀನಿ. ನಾಲಿಗಿ ಒಣಗಿ ಅಂಟಿದ್ರೂ ಕುಡ್ಯಾಂಗಿಲ್ಲ. ಕುಡದ್ರ ಹೋಗಬೇಕು, ಹೋದ್ರ ಮರಿಯಮನ್ನ ಕೂಗಬೇಕು. ನೀವು ಉಳಿಸಿದ್ದು ನನ್ನ ಹೊಟ್ಟ್ಯಾಗಿನ ನೀರು, ತಿಳೀತಿಲ್ಲೋ?"

ಗೌಸಸಾಬ ಕುರ್ಚಿಯಲ್ಲಿ ಕುಸಿದ. ಒದ್ದೆ ಕೈಯನ್ನು ಅಂಗಿಗೆ ಒರೆಸಿಕೊಂಡ.

"ನನಗ ಯಾಕ ಹೇಳಲಿಲ್ಲ?"

"ಹೇಳಿದ್ದೆ. ನಿಮ್ಮ ತಲಿ ಟ್ಯಾಂಕಿನಾಗಿತ್ತು."

ಅವನು ಅಲ್ಲೇ ಕಲ್ಲಯ್ಯನಿಗೆ ಫೋನು ಹಚ್ಚಿ, ಎಲ್ಲ ಮೊದಲಿನಂತೆ ಕೂಡಿಸು ಎಂದ. ಆಮೇಲೆ ಹೆಂಡತಿಯ ಮುಖ ನೋಡಿದ. "ನಡಿ, ಐದರ ಬಸ್ಸಿಗೆ ಹೋಗೂಣು."

"ನೀವು ಹೋಗ್ರಿ. ಒಂದು ವಾರ ನೀವು ಅದನ್ನ ಮುಟ್ಟಿಲ್ಲಂತ ಮರಿಯಮ ಫೋನ್ ಮಾಡ್ಲಿ. ಆಮ್ಯಾಲ ಬರ್ತೀನಿ."

"ವಾರ?"

"ಹೌದು, ವಾರ. ನಲವತ್ತು ವರ್ಷದಾಗ ಅಷ್ಟು ದಿನ ಏನೂ ಬಿಚ್ಚದ ಕುಂತಿಲ್ಲ ನೀವು. ನೋಡೂಣು."

ಗೌಸಸಾಬ ಚಪ್ಪಲಿ ಮೆಟ್ಟಿಕೊಂಡು ಒಬ್ಬನೇ ಬಸ್ ಸ್ಟ್ಯಾಂಡಿನ ದಾರಿ ಹಿಡಿದ. ಬಗ್ಗಿದ ಆ ಬೆನ್ನು ನೋಡಿ ಇಮಾಮಬೀಗೆ ಪಾಪ ಅನಿಸಿತು. ಆದರೂ ಕರೆಯಲಿಲ್ಲ. ಮಗಳು ತಂದ ಲೋಟ ಇಸಿದುಕೊಂಡು ನಿಂತಲ್ಲೇ ಬರಿದು ಮಾಡಿ, "ಇನ್ನೊಂದು ಕೊಡು" ಎಂದಳು.