ದಶರಥನ ಪರದೆ

"ಅದಕ್ಕ ಕೈ ಹಚ್ಚಬ್ಯಾಡ!"

ಟ್ರಂಕಿನಿಂದ ಬಿಳಿ ಬಟ್ಟೆಯನ್ನು ಅರ್ಧ ಹೊರಗೆಳೆದಿದ್ದ ಸಾಯಿಕುಮಾರ ಬೆಚ್ಚಿ ನಿಂತ. ಗಂಡ ದಶರಥ ಕಣ್ಣು ಮುಚ್ಚಿದಾಗಿನಿಂದ ತುಟಿ ಬಿಚ್ಚದಿದ್ದ ಅನಸುಬಾಯಿ ಈಗ ಬಾಯಿ ತೆರೆದಿದ್ದಳು.

"ಕಾಕು, ಕಾಕಾನ ಮ್ಯಾಲ ಹೊಚ್ಚಲಿಕ್ಕ ಬಿಳಿ ಅರಿವಿ ಬೇಕಲ್ಲ. ಮನ್ಯಾಗೇ ಇದ್ದಮ್ಯಾಲ ಪ್ಯಾಟಿಗಿ ಯಾಕ?"

"ಅದು ಅವರ ಸಿನಿಮಾದ ಪರದಾ ಅದ," ಎಂದು ಲುಂಬಿನಿ ನಡುವೆ ಬಂದಳು. ಚಿತ್ತಾಪುರದ ಈ ಹುಡುಗಿ ದಶರಥನ ಕೈಕೆಳಗೆ ಕಲಿತು ಈಗ ಸ್ವತಃ ಸಿನಿಮಾ ಮಾಡುವವಳು. "ಅವ್ವಾ, ನನಗ ಕೊಡ್ರಿ. ಜ್ವಾಕಿ ಮಾಡತೀನಿ. ನಾಳಿ ಮಂದಿ ಇದನ್ನ ನೋಡಬೇಕು."

ಒಬ್ಬನಿಗೆ ಹೆಣದ ಬಟ್ಟೆ, ಇನ್ನೊಬ್ಬಳಿಗೆ ಪರದೆ. ಇದು ಯಾರದೆಂದು ಕೇಳುವ ಪುಣ್ಯಾತ್ಮರು ಮಾತ್ರ ನಲವತ್ತು ವರ್ಷದಲ್ಲಿ ಒಬ್ಬರೂ ಹುಟ್ಟಲಿಲ್ಲ. ಅನಸುಬಾಯಿಗೆ ಅಳುವುದಕ್ಕೂ ದಣಿವಾಗಿತ್ತು.

*

ಅದು ಅವಳ ಮದುವೆಯ ಸೀರೆ. ಬುದ್ಧವಂದನೆ ಮಾಡಿ, ಬಿಳಿ ಸೀರೆಯುಟ್ಟು, ವಾಡಿಯ ರೈಲ್ವೆ ಕ್ವಾರ್ಟರ್ಸಿಗೆ ಬಂದಿದ್ದಳು. ಎಂಟನೇ ದಿನಕ್ಕೆ ಗ್ಯಾಂಗ್‌ಮನ್ ದಶರಥ ಹೇಳದೆ ಕೇಳದೆ ಅದನ್ನು ಎರಡು ಮಡಿಕೆ ಮಾಡಿ ಹಿತ್ತಲ ಗೋಡೆಗೆ ಮೊಳೆ ಹೊಡೆದಿದ್ದ. ಶಹಾಬಾದಿನ ಟಾಕೀಸಿನಲ್ಲಿ ಮಷೀನು ನಡೆಸುತ್ತಿದ್ದ ಗೆಳೆಯ ಖಾಜಾ ಹರಿದ ರೀಲಿನ ತುಂಡುಗಳನ್ನು ತಂದುಕೊಡುತ್ತಿದ್ದ; ಒಂದು ಹಳೆ ಪ್ರೊಜೆಕ್ಟರನ್ನೂ ಜೋಡಿಸಿಕೊಟ್ಟಿದ್ದ. ದಶರಥ ಅದರಲ್ಲಿದ್ದ ಹೀರೋ, ವಿಲನ್ನು ಎಲ್ಲರನ್ನೂ ಬ್ಲೇಡಿನಿಂದ ಕೆರೆದು ಹಾಕಿ, ಗೆರೆ ಎಳೆದು, ಚುಕ್ಕೆ ಚುಚ್ಚಿ ತನ್ನದೇ ಸಿನಿಮಾ ಮಾಡುತ್ತಿದ್ದ. ಸೀರೆಯ ಮೇಲೆ ಹಳಿಗಳು ನಡುಗುತ್ತಿದ್ದವು, ವಾಡಿಯ ಕಾರ್ಖಾನೆಯ ಸಿಮೆಂಟಿನ ಧೂಳು ಸುರಿಯುತ್ತಿತ್ತು. ಪರವಾನಗಿ ಇಲ್ಲ, ಪೋಸ್ಟರ್ ಇಲ್ಲ. ಬಾಯಿಂದ ಬಾಯಿಗೆ ಸುದ್ದಿ ಹೋಗಿ ಮಂದಿ ಸೇರುತ್ತಿದ್ದರು. ಯಾರಾದರೂ ನಡುವೆ ಎದ್ದರೆ ಖಾಜಾ ಕೂಗುತ್ತಿದ್ದ: "ಅಡ್ಡ ನಿಂದರಬ್ಯಾಡ್ರಿ! ಬೆಳಕು ಬಿಡ್ರಿ!"

"ಇದರಾಗ ಕತಿ ಎಲ್ಲಿ ಅದರಿ?" ಎಂದು ಅವಳೊಮ್ಮೆ ಕೇಳಿದ್ದಳು.

"ಕತಿ ಯಾಕ? ಬೆಳಕು ಅದಲ್ಲ," ಎಂದಿದ್ದ.

ಅದೇ ವರ್ಷ ಅಣ್ಣನ ಮದುವೆಗೆ ಅವಳು ನೆರೆಮನೆಯವರ ಸೀರೆ ಉಟ್ಟು ಹೋದಳು. ಆ ಸಿಟ್ಟು ಇವತ್ತಿಗೂ ಆರಿಲ್ಲ.

*

"ಸಾಯಿ, ಪ್ಯಾಟಿಗಿ ಹೋಗಿ ಹೊಸಾ ಅರಿವಿ ತಾ," ಎಂದಳು ಅನಸುಬಾಯಿ. "ಲುಂಬಿನಿ, ರೀಲಿನ ಡಬ್ಬಿ ಎಲ್ಲಾ ನೀನೇ ಒಯ್ಯವ್ವ. ಇದೊಂದು ನಂದು. ನನ್ನ ಲಗ್ನದ ಸೀರಿ."

ಲುಂಬಿನಿ ನಾಲಿಗೆ ಕಚ್ಚಿಕೊಂಡಳು. "ಗೊತ್ತಿರಲಿಲ್ರಿ ಅವ್ವಾ."

"ಅವರಿಗೇ ನೆಪ್ಪಿರಲಿಲ್ಲ, ನಿನಗ ಹ್ಯಾಂಗ ಗೊತ್ತಾಗಬೇಕು."

ಅವಳು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಹೊರಗೆ ಬಂದಾಗ ಮೈಮೇಲೆ ಅದೇ ಸೀರೆಯಿತ್ತು. ಬಿಳಿ ಮಾಸಿ ಹಳದಿಗೆ ತಿರುಗಿತ್ತು, ಅಂಚಿನುದ್ದಕ್ಕೂ ಮೊಳೆಯ ತೂತುಗಳು, ತೂತಿನ ಸುತ್ತ ತುಕ್ಕು. ಹೆಂಗಸರು ಮುಖ ಮುಖ ನೋಡಿಕೊಂಡರು. ಅವಳು ಯಾರನ್ನೂ ನೋಡದೆ, ಪರದೆ ಹೊಡೆಯುತ್ತಿದ್ದ ಅದೇ ಹಿತ್ತಲ ಗೋಡೆಗೆ ಬೆನ್ನು ಕೊಟ್ಟು ನಿಂತಳು. ಸಮಾಧಾನ ಹೇಳಲು ಮಂದಿ ಸುತ್ತುಗಟ್ಟಿದರು.

ಹಿತ್ತಲಲ್ಲೇ ಕಟ್ಟಿದ್ದ ಚಟ್ಟ ಎತ್ತಿದರು. ಮುಂದಿನ ಹೆಗಲು ಖಾಜಾನದು. ನಾಲ್ಕು ಹೆಜ್ಜೆ ಬಂದವನು ಅವಳನ್ನು ಕಂಡು ನಿಂತ. ಹಳೆಯ ಧ್ವನಿಯಲ್ಲೇ ಕೂಗಿದ:

"ಅಡ್ಡ ನಿಂದರಬ್ಯಾಡ್ರಿ! ಬೆಳಕು ಬಿಡ್ರಿ!"

ಮಂದಿ ಸರಿದರು. ಇಳಿಬಿಸಿಲು ನೇರ ಗೋಡೆಯತ್ತ ಬಂತು. ಹೆಗಲು ಕೊಟ್ಟ ನಾಲ್ವರ ನೆರಳು, ಅವರ ನಡುವೆ ಮಲಗಿದವನ ನೆರಳು, ಸೀರೆಯ ನೆರಿಗೆಗಳ ಮೇಲೆ ಮೆಲ್ಲಗೆ ಹಾದುಹೋದವು. ಅನಸುಬಾಯಿ ಸೆರಗನ್ನು ಎರಡೂ ಕೈಯಿಂದ ಬಿಗಿಯಾಗಿ ಹಿಡಿದು, ಕೊನೆಯ ನೆರಳು ದಾಟುವವರೆಗೆ ತಲೆ ಬಗ್ಗಿಸಿ ನೋಡುತ್ತ ನಿಂತಳು.